ತೊಟ್ಟಿಯ ಬಳಿ ಹೇಳಿದ ಹೆಸರು

ಕಾರ್ಕಳದ ಕಾಲೇಜಿನಲ್ಲಿ ಚರಿತ್ರೆ ಕಲಿಸುವ ಲೂಯಿಸ್ ಮಾಸ್ಟರಿಗೆ ಒಂದು ಚಟವಿತ್ತು. ಹೊಸಬರು ಯಾರಾದರೂ ಹೆಸರು ಹೇಳಿದರೆ ಸಾಕು, ಆ ಹೆಸರಿನ ಜಾತಕವನ್ನೇ ಬಿಚ್ಚಿ ಕೂರುತ್ತಿದ್ದರು. ಕಾಮರ್ಸ್ ವಿಭಾಗಕ್ಕೆ ಬಂದ ಜೆಫ್ರಿಗೆ, ನಿನ್ನ ಹೆಸರು ನಾರ್ಮನ್ನರು ಫ್ರಾನ್ಸಿನಿಂದ ಹಡಗಿನಲ್ಲಿ ಇಂಗ್ಲೆಂಡಿಗೆ ತಂದದ್ದು ಎಂದರು. ಆಫೀಸಿನ ಕ್ಯಾರೆನ್‌ಗೆ, ಡೇನ್ಮಾರ್ಕಿನವರ ಬಾಯಲ್ಲಿ ಕ್ಯಾಥರಿನ್ ಸವೆದು ಸವೆದು ಕ್ಯಾರೆನ್ ಆಯಿತು ಎಂದರು. ಪಾಪ, ಅವಳು ಸಂಬಳದ ಚೀಟಿ ಕೊಡಲಿಕ್ಕೆ ಬಂದಿದ್ದಳು. ಕೇಳುವ ವ್ಯವಧಾನ ಯಾರಿಗೂ ಇಲ್ಲದಿದ್ದರೂ ಮಾಸ್ಟರು ಹೇಳದೆ ಬಿಟ್ಟವರಲ್ಲ.

ಈ ಚಟ ಅಂಟಿದ್ದು ಮುಗಿಯದೇ ಉಳಿದ ಒಂದು ಪಿಎಚ್‌ಡಿಯಿಂದ. ಟ್ಯೂಡರ್ ಅರಸರ ಕಾಲದ ಇಂಗ್ಲೆಂಡಿನ ಪಾರ್ಲಿಮೆಂಟಿನಲ್ಲಿ ಕೂತಿದ್ದ ಸದಸ್ಯರು ಯಾರು, ಅವರಿಗೆ ಆ ಹೆಸರು ಯಾರಿಂದ ಬಂತು ಎಂಬುದು ವಿಷಯ. ಕಾರ್ಕಳದಲ್ಲಿ ಕೂತು ಅದನ್ನು ಹುಡುಕುವ ಉಸಾಬರಿ ನಿಮಗೆ ಯಾಕೆ ಎಂದು ಮಾರ್ಗದರ್ಶಕರೇ ಕೇಳಿ, ನಿವೃತ್ತರಾಗಿ, ತೀರಿಕೊಂಡೂ ಆಗಿತ್ತು. ಮಾಸ್ಟರು ಮಾತ್ರ ಬಿಟ್ಟಿರಲಿಲ್ಲ. ಆ ಕಾಲದ ಸಭೆಯೊಳಗೆ ಕಣ್ಣುಮುಚ್ಚಿ ಒಂದು ಕಲ್ಲು ಎಸೆದರೆ ಅದು ಒಬ್ಬ ಜಾನ್‌ಗೋ ಥಾಮಸ್‌ಗೋ ವಿಲಿಯಮ್‌ಗೋ ತಾಗಲೇಬೇಕು ಎಂದು ಕ್ಲಾಸಿನಲ್ಲಿ ಹೇಳಿ ನಗಿಸುತ್ತಿದ್ದರು. ಕಾರಣ ಸರಳ. ಆಗ ಮಗುವಿಗೆ ಹೆಸರು ಕೊಡುತ್ತಿದ್ದದ್ದು ಅಪ್ಪ ಅಮ್ಮ ಅಲ್ಲ, ಜ್ಞಾನಸ್ನಾನದಲ್ಲಿ ಮಗುವಿನ ಪರವಾಗಿ ನಿಲ್ಲುವ ಗಾಡ್‌ಫಾದರ್. ಇಗರ್ಜಿಯಲ್ಲಿ ಪಾದ್ರಿ ಜ್ಞಾನಸ್ನಾನದ ನೀರಿನ ತೊಟ್ಟಿಯ ಬಳಿ ಹೆಸರು ಕೇಳುತ್ತಿದ್ದದ್ದು ಅವನನ್ನು. ಅವನು ಹೆಚ್ಚಾಗಿ ತನ್ನ ಹೆಸರನ್ನೇ ಹೇಳುತ್ತಿದ್ದ. ಹಾಗಾಗಿ ಒಂದೇ ಮನೆಯಲ್ಲಿ ಇಬ್ಬರು ಅಣ್ಣತಮ್ಮಂದಿರೂ ಜಾನ್ ಆಗಿ ಬೆಳೆದದ್ದುಂಟು. ಇಬ್ಬರಲ್ಲಿ ಪಾರ್ಲಿಮೆಂಟಿಗೆ ಹೋದವನು ಯಾರು ಎಂದು ವಿದ್ವಾಂಸರು ಇಂದಿಗೂ ತಲೆ ಕೆರೆದುಕೊಳ್ಳುತ್ತಾರೆ. ಇನ್ನೊಂದು ರೂಢಿಯೂ ಇತ್ತು. ಒಂದು ಮಗು ತೀರಿಕೊಂಡರೆ ಮುಂದಿನದಕ್ಕೆ ಅದೇ ಹೆಸರು ಇಡುತ್ತಿದ್ದರು. ಈ ಮಾತು ಬಂದಾಗ ಮಾಸ್ಟರು ಧ್ವನಿ ತಗ್ಗಿಸಿ, "ಮಗು ಹೋದರೂ ಹೆಸರನ್ನು ಮಣ್ಣಿಗೆ ಬಿಡುತ್ತಿರಲಿಲ್ಲ, ನೋಡಿ" ಎನ್ನುತ್ತಿದ್ದರು. ಅದು ಅವರಿಗೆ ಬಹಳ ಸಮಾಧಾನದ ವಿಷಯವಾಗಿ ಕಾಣುತ್ತಿತ್ತು.

ಸ್ವಂತ ಮಗನಿಗೆ ಅವರು ಡೆನ್ವರ್ ಎಂದು ಹೆಸರಿಟ್ಟಿದ್ದರು. ಅಮೆರಿಕದ ಊರಿನ ಹೆಸರು ಇಟ್ಟಿದ್ದಾರೆ ಎಂದು ಇಗರ್ಜಿಯವರು ತಮಾಷೆ ಮಾಡಿದಾಗ ಮಾಸ್ಟರಿಗೆ ಸಿಟ್ಟು ಬರುತ್ತಿತ್ತು. ಅಮೆರಿಕದ ಊರಿಗಿಂತ ಎಷ್ಟೋ ಹಿಂದೆ ಇಂಗ್ಲೆಂಡಿನಲ್ಲಿ ಡೆನ್ವರ್ ಎಂಬ ಹಳ್ಳಿ ಇತ್ತು, ಡೇನರು ನೀರು ದಾಟುತ್ತಿದ್ದ ಜಾಗ ಎಂದು ಅರ್ಥ, ಹಳ್ಳಿಯ ಹೆಸರು ಮನೆತನದ್ದಾಗಿ, ಮನೆತನದ್ದು ಮನುಷ್ಯನದಾಗಿ ಬಂತು ಎಂದು ಅವರು ವಿವರಿಸುವಷ್ಟರಲ್ಲಿ ಕೇಳುವವರು ಬಸ್ಸು ಹತ್ತಿ ಹೋಗಿರುತ್ತಿದ್ದರು. ಹುಡುಗ ಬೆಳೆದ, ಮಣಿಪಾಲದ ಒಂದು ಲ್ಯಾಬಿನಲ್ಲಿ ಟೆಕ್ನೀಶಿಯನ್ ಆದ, ಉಡುಪಿಯಲ್ಲಿ ನರ್ಸ್ ಆಗಿದ್ದ ಜೆನಿಟಾಳನ್ನು ಮದುವೆಯಾದ. ಮದುವೆಯ ಆಲ್ಬಮ್ ಸ್ಟುಡಿಯೋದಿಂದ ಇನ್ನೂ ಬಂದಿರಲಿಲ್ಲ, ಮಲ್ಪೆಯಿಂದ ಹೊರಟ ಮೀನಿನ ಲಾರಿ ಹೆದ್ದಾರಿಯುದ್ದಕ್ಕೂ ಸುರಿಸಿಕೊಂಡು ಹೋದ ನೀರಿನಲ್ಲಿ ಅವನ ಬೈಕು ಜಾರಿತು. ಹಿಂದಿನಿಂದ ಬಸ್ಸು ಬರುತ್ತಿತ್ತು. ಅದಕ್ಕಿಂತ ಹೆಚ್ಚಿಗೆ ಹೇಳುವುದಕ್ಕೆ ಏನೂ ಇಲ್ಲ.

ಜೆನಿಟಾಳಿಗೆ ಎರಡನೇ ಮದುವೆ ಮಾಡಿಸಿದ್ದು ಅವಳ ಅತ್ತೆ ಮಾವನೇ. ಅವಳಿಗೆ ಅಪ್ಪ ಇರಲಿಲ್ಲ, ತಾಯಿ ಮುಂಬಯಿಯಲ್ಲಿ ಮಗನ ಜೊತೆ ಹಾಸಿಗೆ ಹಿಡಿದಿದ್ದರು. "ನಮ್ಮ ದುಃಖ ನಮಗಿರಲಿ, ಆ ಹುಡುಗಿಯನ್ನು ಯಾಕೆ ಕಟ್ಟಿಹಾಕುವುದು" ಎಂದು ಮೊದಲು ಹೇಳಿದವರು ಮಾಸ್ಟರ ಹೆಂಡತಿ ವೆರೊನಿಕಾ. ಗಂಡು ಸಿಕ್ಕಿದ್ದು ಕಾಪುವಿನಲ್ಲಿ. ಪೀಟರ್ ಡಿಸೋಜ ಮಲ್ಪೆಯ ಒಂದು ಐಸ್ ಪ್ಲಾಂಟಿನ ಸೂಪರ್‌ವೈಸರ್, ಮಾತು ಕಡಿಮೆ, ಮನಸ್ಸು ಮೆತ್ತಗೆ. ಮನೆಯಲ್ಲಿ ತಾಯಿ ಅಪೊಲಿನ್ ಬಾಯಿ ಮಾತ್ರ. ಕಳುಹಿಸಿಕೊಡುವ ದಿನ ವೆರೊನಿಕಾ ತಮ್ಮ ಬಳೆ ತೆಗೆದು ಜೆನಿಟಾಳ ಕೈಗೆ ಹಾಕಿದರು. ಊರೇ ಹೊಗಳಿತು. ಮಾಸ್ಟರ ಮನೆಯವರ ಹಾಗೆ ಯಾರು ಮಾಡುತ್ತಾರೆ ಎಂದಿತು. ಹೊಗಳಿಕೆ ಕೇಳಿ ಮನೆಗೆ ಬಂದು ಇಬ್ಬರೂ ಒಂದೊಂದು ಕೋಣೆಯಲ್ಲಿ ಕೂತು ಅತ್ತರು.

ಮರುವರ್ಷ ಜೆನಿಟಾಳಿಗೆ ಗಂಡು ಮಗುವಾಯಿತು. ಬಾಣಂತನ ಮುಗಿಸಿ, ಪೀಟರ್ ಜೊತೆ ಕಾರ್ಕಳಕ್ಕೆ ಬಂದಳು.

"ಪಪ್ಪಾ, ಮಗುವಿಗೆ ಗಾಡ್‌ಫಾದರ್ ನೀವೇ ಆಗಬೇಕು" ಎಂದಳು. "ಇವರ ಅಪ್ಪ ಇಲ್ಲ. ನನಗೂ ಇಲ್ಲ. ನೀವಲ್ಲದೆ ಮತ್ಯಾರು?"

"ಹೆಸರು ಎಂತ ಇಡ್ತೀರಿ?" ಮಾಸ್ಟರು ಕೇಳಿದರು.

"ಬ್ರ್ಯಾಂಡನ್ ಅಂತ ಮಾಡಿದ್ದೇವೆ ಸರ್" ಎಂದ ಪೀಟರ್. "ಅಮ್ಮನಿಗೆ ಅಪ್ಪನ ಹೆಸರು ಇಡ್ಬೇಕಂತ ಇತ್ತು. ಸಾಲ್ವದೋರ್ ಅಂತ ಇಟ್ರೆ ಶಾಲೆಯಲ್ಲಿ ಮಕ್ಕಳು ಬಿಡ್ತಾರಾ?"

ಎಲ್ಲರೂ ನಕ್ಕರು. ಬ್ರ್ಯಾಂಡನ್ ಎಂದರೆ ಹಳೆಯ ಇಂಗ್ಲಿಷಿನಲ್ಲಿ ಹಳದಿ ಹೂವಿನ ಪೊದೆ ಬೆಳೆದ ಗುಡ್ಡವೋ ಏನೋ ಎಂದು ಮಾಸ್ಟರು ಹೇಳಬೇಕಿತ್ತು. ಹೇಳಲಿಲ್ಲ. ಅವರ ತಲೆಯಲ್ಲಿ ಆಗಲೇ ಬೇರೊಂದು ಹೆಸರು ಕೂತುಬಿಟ್ಟಿತ್ತು.

ಅವರು ಹೋದ ಮೇಲೆ ಮಾಸ್ಟರು ಹೆಂಡತಿಯ ಹತ್ತಿರ ಬಾಯಿಬಿಟ್ಟರು. ವೆರೊನಿಕಾ ಬಂಗುಡೆಗೆ ಮಸಾಲೆ ಹಚ್ಚುತ್ತಿದ್ದರು. ಕೈ ನಿಂತಿತು.

"ಬೇಡ" ಎಂದರು.

"ಹೆಸರು ಉಳಿತದೆ ಅಲ್ವಾ? ಆ ಹೆಸರಿನಿಂದ ಕರೀಲಿಕ್ಕೆ ಒಬ್ಬ ಇರ್ತಾನೆ."

"ನನಗೆ ಕರೀಲಿಕ್ಕೆ ಒಬ್ಬ ಇದ್ದ. ಅವನು ಹೋದ. ಹೆಸರು ಅವನ ಹತ್ತಿರವೇ ಇರಲಿ. ಅವರ ಮಗುವಿಗೆ ಅವರು ಬೇಕಾದ್ದು ಇಡ್ತಾರೆ. ನೀವು ನಿಮ್ಮ ಇಂಗ್ಲೆಂಡನ್ನು ಕಾಪುವಿಗೆ ತಕ್ಕೊಂಡು ಹೋಗ್ಬೇಡಿ, ನಿಮಗೆ ಪುಣ್ಯ ಬರ್ತದೆ."

ಮಾಸ್ಟರು ಸುಮ್ಮನಾದರು. ಸುಮ್ಮನಾದರು ಎಂದರೆ ಬಿಟ್ಟರು ಎಂದಲ್ಲ. ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವ ಜಾತಿ ಅವರದು. ಅವರಿಗೆ ನ್ಯಾಯ ತಮ್ಮ ಕಡೆಯೇ ಇದೆ ಎನಿಸುತ್ತಿತ್ತು. ಸೊಸೆಯನ್ನು ಬಿಟ್ಟುಕೊಟ್ಟಿದ್ದೇನೆ, ಒಂದು ಹೆಸರು ಕೇಳಿದರೆ ಹೆಚ್ಚಾಯಿತೇ? ಅದೂ ಅಲ್ಲದೆ ತನ್ನನ್ನೇ ಗಾಡ್‌ಫಾದರ್ ಆಗಿ ಕರೆದದ್ದು ಜೆನಿಟಾ. ಅವಳ ಮನಸ್ಸಿನಲ್ಲೂ ಇದೇ ಇರಬೇಕು, ಹೊಸ ಗಂಡನ ಎದುರು ಬಾಯಿಬಿಟ್ಟು ಹೇಳಲಾರಳು. ಮನುಷ್ಯನಿಗೆ ಬೇಕಾದದ್ದನ್ನು ಎದುರಿನವರ ಮನಸ್ಸಿನಲ್ಲಿ ಓದುವುದು ಎಷ್ಟು ಸುಲಭ! ಐವತ್ತೆಂಟರ ಪ್ರಾಯದ, ಚರಿತ್ರೆ ಕಲಿಸುವ ಮಾಸ್ಟರು ಅದನ್ನು ಪುರಾವೆ ಎಂದೇ ತಿಳಿದರು.

ಜ್ಞಾನಸ್ನಾನ ಕಾಪುವಿನ ಕಡೆಯ ಇಗರ್ಜಿಯಲ್ಲಿ, ಭಾನುವಾರದ ಪೂಜೆ ಮುಗಿದ ಮೇಲೆ. ಗಾಡ್‌ಮದರ್ ಆಗಿ ಅಪೊಲಿನ್ ಬಾಯಿ ಮಗುವನ್ನು ಎತ್ತಿಕೊಂಡು ನಿಂತಿದ್ದರು. ಪಕ್ಕದಲ್ಲಿ ಕೋಟು ಹಾಕಿಕೊಂಡ ಮಾಸ್ಟರು. ಪಾದ್ರಿಗಳು ಆ ಊರಿಗೆ ಹೊಸಬರು, ಪ್ರಾಯದವರು. ವಿಧಿಯಂತೆ ತಂದೆತಾಯಿಯ ಕಡೆ ನೋಡಿ ಕೇಳಿದರು: "ಈ ಮಗುವಿಗೆ ಯಾವ ಹೆಸರು ಕೊಡುತ್ತೀರಿ?"

ಪೀಟರ್ ಗಂಟಲು ಸರಿಮಾಡಿಕೊಳ್ಳುತ್ತಿದ್ದ. ಅಷ್ಟರಲ್ಲಿ ಲೂಯಿಸ್ ಮಾಸ್ಟರು, ಕ್ಲಾಸಿನ ಕೊನೆಯ ಬೆಂಚಿಗೂ ಕೇಳುವ ದನಿಯಲ್ಲಿ, "ಡೆನ್ವರ್" ಎಂದರು.

ಪಾದ್ರಿಗಳು ಗಲಿಬಿಲಿಯಾಗಿ ಪೀಟರ್‌ನ ಮುಖ ನೋಡಿದರು. ಪೀಟರ್ ಮಾಸ್ಟರ ಮುಖ ನೋಡಿದ. ಅಲ್ಲಿ ಏನು ಕಂಡನೋ, ಮಗ ಸತ್ತ ಮನುಷ್ಯನನ್ನು ಅಷ್ಟು ಜನರ ಎದುರು ತಡೆಯಲಿಕ್ಕೆ ಅವನಿಂದ ಆಗಲಿಲ್ಲ. "ಆಗಲಿ ಫಾದರ್" ಎಂದ. ಜೆನಿಟಾ ನೆಲ ನೋಡುತ್ತಿದ್ದಳು. ಪಾದ್ರಿಗಳು ಅವಳನ್ನೂ ಕೇಳಿದರು. ಅವಳು ತಲೆ ಎತ್ತದೆಯೇ ಆಡಿಸಿದಳು. ನೀರು ಬಿತ್ತು, ಮಗು ಕಿರುಚಿತು. ಡೆನ್ವರ್ ಡಿಸೋಜ ಎಂಬ ಹೆಸರು ಕಾರ್ಕಳದ ಒಂದು ಗೋರಿಯ ಮೇಲೂ ಇತ್ತು, ಈಗ ಕಾಪುವಿನ ಒಂದು ಮಗುವಿನ ಮೇಲೂ ಬಂತು. ಎರಡು ಮನೆಯವರದೂ ಡಿಸೋಜ ಎಂಬುದು ಆ ಗಳಿಗೆಯಲ್ಲಿ ಮಾಸ್ಟರಿಗೆ ಹೊಳೆದಿರಲಿಲ್ಲ. ಅರ್ಧ ಜಿಲ್ಲೆಯೇ ಡಿಸೋಜ ಇರುವಾಗ ಯಾರಿಗೆ ಹೊಳೆಯುತ್ತದೆ?

ಊಟಕ್ಕೆ ಹಂದಿಮಾಂಸ, ಇಡ್ಲಿಯಂಥ ಸಣ್ಣಾಸು ಎಲ್ಲ ಇತ್ತು. ಕೇಕಿನ ಮೇಲೆ ಬ್ರ್ಯಾಂಡನ್ ಎಂದು ನೀಲಿ ಅಕ್ಷರದಲ್ಲಿ ಬರೆದಿತ್ತು. ಅಪೊಲಿನ್ ಬಾಯಿ ಚಾಕುವಿನಿಂದ ಅದನ್ನು ಕೆರೆದು ನಯ ಮಾಡಿ, ನಂತರ ಜನರ ಮುಂದಿಟ್ಟರು. ವೆರೊನಿಕಾ ತಲೆನೋವೆಂದು ಊಟ ಮಾಡಲಿಲ್ಲ. ಬೆಳ್ಮಣ್‌ವರೆಗೂ ಬಸ್ಸಿನಲ್ಲಿ ಗಂಡನ ಕಡೆ ನೋಡಲಿಲ್ಲ. ಬೆಳ್ಮಣ್ ದಾಟಿದ ಮೇಲೆ ಒಂದೇ ಮಾತು ಹೇಳಿದರು.

"ನಿಮಗೆ ಕೊಡಲಿಕ್ಕೆ ಅದು ನಿಮ್ಮೊಬ್ಬರದ್ದಾ?"

ಮಾಸ್ಟರಿಗೆ ಆ ದಿನ ಸಂತೋಷವಾಗಿತ್ತು ಎಂಬುದನ್ನು ಮುಚ್ಚಿಡಬಾರದು. ಬಹಳ ಕಾಲದ ನಂತರ ಆಗಿದ್ದ ಸಂತೋಷ ಅದು. ಕಾಲೇಜಿನಲ್ಲಿ ಲಾಡು ಹಂಚಿದರು. ಮೊಮ್ಮಗನಾ ಎಂದು ಕೇಳಿದವರಿಗೆ ಹೌದೆಂದರು.

ಸಂತೋಷಕ್ಕೆ ಆಯಸ್ಸು ಕಡಿಮೆ ಇತ್ತು. ತಿಂಗಳಿಗೊಮ್ಮೆ ಮಾಸ್ಟರು ಬಿಸ್ಕಿಟ್, ಆಟದ ಸಾಮಾನು ಹಿಡಿದು ಕಾಪುವಿಗೆ ಹೋಗುತ್ತಿದ್ದರು. ಜೆನಿಟಾ ಮಗುವನ್ನು ಹೆಸರು ಹಿಡಿದು ಕರೆಯುವುದೇ ಇಲ್ಲ ಎಂಬುದು ನಿಧಾನಕ್ಕೆ ಗಮನಕ್ಕೆ ಬಂತು. ಬಾಬಾ ಎನ್ನುತ್ತಿದ್ದಳು, ಚಿನ್ನ ಎನ್ನುತ್ತಿದ್ದಳು, ಸಿಟ್ಟು ಬಂದಾಗ ಮಂಗ ಎನ್ನುತ್ತಿದ್ದಳು. ಹೆಸರು ನಾಲಿಗೆಯ ತನಕ ಬಂದು ನಿಂತ ಹಾಗೆ ಒಮ್ಮೊಮ್ಮೆ ಅವಳ ತುಟಿ ಅಲುಗಿ ಸುಮ್ಮನಾಗುತ್ತಿತ್ತು. ಒಂದು ದಿನ ತಡೆಯದೆ ಕೇಳಿಯೇಬಿಟ್ಟರು.

"ಹೆಸರು ಕರೀಬಾರದಾ ಜೆನಿ?"

"ಆ ಹೆಸರು ಹೇಳುವಾಗ ನನಗೆ ಬೇರೆಯವನ ಮುಖ ಬರ್ತದೆ ಪಪ್ಪಾ" ಎಂದಳು. "ಅದು ಪೀಟರ್‌ಗೂ ಗೊತ್ತುಂಟು. ಅವರು ಎಂತದೂ ಹೇಳುವುದಿಲ್ಲ. ಹೇಳದೇ ಇರುವುದು ನನಗೆ ಜಾಸ್ತಿ ನೋವಾಗ್ತದೆ."

"ನೀನು ಆ ದಿನ ಬೇಡ ಅನ್ನಬಹುದಿತ್ತು."

"ನೀವು ನನ್ನನ್ನು ಕಳುಹಿಸಿಕೊಟ್ಟವರು. ನಿಮಗೆ ಬೇಡ ಅಂತ ಹೇಗೆ ಹೇಳುವುದು?"

ಮಾಸ್ಟರು ಬೇಗ ಹೊರಟರು. ಬಸ್‌ಸ್ಟ್ಯಾಂಡಿನಲ್ಲಿ ಕೂತಾಗ ಅವರಿಗೆ ಒಂದು ವಿಚಿತ್ರ ಅನುಭವವಾಯಿತು. ಮಗನನ್ನು ನೆನೆದರೆ, ಬೈಕು ಒರೆಸುತ್ತಿದ್ದ ಉದ್ದ ಕಾಲಿನ ಹುಡುಗನ ಜೊತೆಗೆ ಬಿಸ್ಕಿಟ್ ಚೀಪುವ ಒಂದು ಕೂಸೂ ಬಂದು ಕೂರುತ್ತಿತ್ತು. ಹೆಸರಿನ ಮೇಲೆ ಎರಡು ಮುಖ. ಮನೆಯಲ್ಲಿಯೂ ಹಾಗೆಯೇ ಆಗಿತ್ತು. ಡೆನ್ವರ್ ಹೇಗಿದ್ದಾನೆ ಎಂದು ನೆರೆಯವರು ಕೇಳಿದಾಗ ಕಾಪುವಿನ ಮಗುವಿನ ಹಲ್ಲಿನ ಸುದ್ದಿ ಹೇಳಬೇಕು. ಮಗನ ಮಾತು ಎತ್ತಬೇಕಾದರೆ "ದೊಡ್ಡ ಡೆನ್ವರ್" ಎನ್ನಬೇಕು. ದೊಡ್ಡವನು, ಚಿಕ್ಕವನು. ಹಿರಿಯ ಜಾನ್, ಕಿರಿಯ ಜಾನ್. ಆ ಹಿರಿಯ ಜಾನ್‌ಗಳ ಬಗ್ಗೆ ಎಷ್ಟೋ ಕಡೆ ತಾವೇ ಬರೆದ ಸಾಲು ನೆನಪಾಯಿತು: ಹಿರಿಯವನ ವಿಚಾರ ಹೆಚ್ಚೇನೂ ತಿಳಿದುಬಂದಿಲ್ಲ. ಬರೆದು ಮುಂದಿನ ಹಾಳೆಗೆ ಹೋಗಿದ್ದರು.

ವೆರೊನಿಕಾ ಅಂತೂ ಆ ಹೆಸರನ್ನೇ ಬಾಯಲ್ಲಿ ತರುವುದು ಬಿಟ್ಟಿದ್ದರು.

ಮಗು ಗೋಡೆ ಹಿಡಿದು ನಡೆಯಲು ಕಲಿತ ಹೊತ್ತಿಗೆ ಜ್ವರ ಬಂತು. ಜ್ವರ ನೆತ್ತಿಗೇರಿ ಫಿಟ್ಸ್ ಆಯಿತು. ಅಪೊಲಿನ್ ಬಾಯಿಯ ತೋಳಿನಲ್ಲಿಯೇ ಮಗು ಸೆಟೆದು ನೀಲಿಯಾಯಿತು. ಮಣಿಪಾಲಕ್ಕೆ ಕರೆದುಕೊಂಡು ಹೋದರು. ಜ್ವರಕ್ಕೆ ಮಕ್ಕಳಿಗೆ ಹೀಗಾಗುವುದುಂಟು, ಹೆದರಬೇಡಿ ಎಂದು ಡಾಕ್ಟರು ಹೇಳಿದರು. ಎರಡು ದಿನದಲ್ಲಿ ಮಗು ನಗುತ್ತ ಮನೆಗೆ ಬಂತು. ಅಜ್ಜಿಗೆ ಮಾತ್ರ ನಗು ವಾಪಸು ಬರಲಿಲ್ಲ.

ನವೆಂಬರ್‌ನಲ್ಲಿ, ದೊಡ್ಡ ಡೆನ್ವರ್ ತೀರಿಕೊಂಡ ದಿನ ಹತ್ತಿರ ಬಂದಾಗ, ಅಪೊಲಿನ್ ಬಾಯಿ ಒಬ್ಬರೇ ಬಸ್ಸು ಹತ್ತಿ ಕಾರ್ಕಳಕ್ಕೆ ಬಂದರು. ಚೀಲದಲ್ಲಿ ಒಣ ಸಿಗಡಿ ತಂದಿದ್ದರು. ಕುರ್ಚಿಯ ತುದಿಯಲ್ಲಿ ಕೂತು, ವೆರೊನಿಕಾ ಕೊಟ್ಟ ಚಾ ಮುಟ್ಟದೆ, ಸೆರಗಿನ ತುದಿ ಸುತ್ತುತ್ತ ಮಾತು ತೆಗೆದರು.

"ವರ್ಷದ ಪೂಜೆ ಹೇಳಿಸ್ತೀರಿ ಅಲ್ವಾ, ಲೂಯಿಸ್‌ಬಾಬ್?"

"ಹೌದು ಬಾಯಿ. ಪ್ರತಿ ವರ್ಷದ ಹಾಗೆ."

"ಪೂಜೆ ಹೇಳಿಸಿ. ಆದರೆ ಹೆಸರು ಓದಿಸ್ಬೇಡಿ."

ಪೂಜೆಯ ಆರಂಭದಲ್ಲಿ, ಯಾವ ಮೃತರ ಆತ್ಮಕ್ಕಾಗಿ ಅದನ್ನು ಅರ್ಪಿಸಲಾಗುತ್ತಿದೆ ಎಂದು ಪಾದ್ರಿಗಳು ಹೆಸರು ಹೇಳುತ್ತಾರೆ. ಮಗ ಹೋದ ಮೇಲೆ ಮಾಸ್ಟರು ವರ್ಷವಿಡೀ ಕಾಯುತ್ತಿದ್ದದ್ದು ಆ ಒಂದು ಗಳಿಗೆಗೆ. ತುಂಬಿದ ಇಗರ್ಜಿಯಲ್ಲಿ ಆ ಹೆಸರು ಗಟ್ಟಿಯಾಗಿ ಕೇಳಿದಾಗ, ಇದ್ದ, ನನ್ನ ಮಗ ಒಬ್ಬ ಇದ್ದ ಎಂದು ಎದೆಯುಬ್ಬುತ್ತಿತ್ತು.

"ಅದು ಯಾಕೆ ಬಾಯಿ?" ಎಂದರು.

"ನಮ್ಮ ಮಗುವಿನ ಹೆಸರನ್ನು ಸತ್ತವರ ಹೆಸರಾಗಿ ಓದುವುದು ನನಗೆ ತಡಕೊಳ್ಳಲಿಕ್ಕೆ ಆಗುವುದಿಲ್ಲ. ಕಳೆದ ವರ್ಷ ಓದಿದರು. ಈ ವರ್ಷ ಮಗು ನನ್ನ ಕೈಯಲ್ಲಿ ನೀಲಿಯಾಯಿತು."

"ಊರಿನ ಹೆಸರು ಸೇರಿಸಿ ಓದಿಸುವ. ಕಾರ್ಕಳದ ಡೆನ್ವರ್ ಡಿಸೋಜ ಅಂತ."

"ಸಾವಿಗೆ ಊರು ಗೊತ್ತುಂಟಾ, ಲೂಯಿಸ್‌ಬಾಬ್?"

ಮಾಸ್ಟರು ಅಭ್ಯಾಸಬಲದಿಂದ ಇಂಗ್ಲೆಂಡಿಗೆ ಓಡಿದರು. ಆ ಕಾಲದಲ್ಲಿ ಒಂದು ಮಗು ಹೋದರೆ ಅದೇ ಹೆಸರು ಇನ್ನೊಂದಕ್ಕೆ ಇಡುತ್ತಿದ್ದರು, ಅದರಿಂದ ಯಾರಿಗೂ ಕೇಡಾಗಲಿಲ್ಲ ಎಂದರು.

"ಆಗಲಿ. ಹೋದ ಮಗುವಿನ ಹೆಸರನ್ನು ಅವರು ಇಗರ್ಜಿಯಲ್ಲಿ ಓದಿಸ್ತಿದ್ದರಾ?"

ಮಾಸ್ಟರಿಗೆ ಉತ್ತರ ಗೊತ್ತಿತ್ತು. ಓದಿಸುತ್ತಿದ್ದರು, ಬಹಳ ಕಾಲ. ಪ್ರತಿ ಊರಿನ ಇಗರ್ಜಿಯಲ್ಲೂ ಸತ್ತವರ ಹೆಸರು ಓದಿ ಪ್ರಾರ್ಥಿಸುವ ಪದ್ಧತಿ ಅಲ್ಲಿಯೂ ಇತ್ತು. ಬಾಲಕ ಅರಸ ಎಡ್ವರ್ಡನ ಕಾಲದ ಒಂದು ಚಳಿಗಾಲ ಪಾರ್ಲಿಮೆಂಟು ಕೂತು, ಸತ್ತವರಿಗಾಗಿ ಪೂಜೆ ಹೇಳಿಸಲು ಬಿಟ್ಟಿದ್ದ ಆಸ್ತಿಯನ್ನೆಲ್ಲ ಅರಸನಿಗೆ ಸೇರಿಸುವ ಕಾಯಿದೆ ಮಾಡಿತು. ಪೂಜೆ ನಿಂತಿತು, ಹೆಸರು ಓದುವುದೂ ನಿಂತಿತು. ಕಾಯಿದೆ ಮಾಡಿದವರು ಯಾರು? ಅವರೇ. ತಾವು ಜೀವಮಾನವಿಡೀ ಯಾರ ಹೆಸರು ಹೆಕ್ಕುತ್ತ ಕೂತಿದ್ದರೋ ಆ ಜಾನ್‌ಗಳು, ಥಾಮಸ್‌ಗಳು, ವಿಲಿಯಮ್‌ಗಳು. ಇದೆಲ್ಲ ಗೊತ್ತಿದ್ದದ್ದೇ, ಪರೀಕ್ಷೆಯಲ್ಲಿ ಐದು ಅಂಕದ ಪ್ರಶ್ನೆಯಾಗಿ ಕೇಳಿದ್ದೂ ಉಂಟು. ಅದರೊಳಗೆ ಒಬ್ಬ ಅಪ್ಪ ಇಗರ್ಜಿಯಲ್ಲಿ ಕಿವಿಗೊಟ್ಟು ಕೂತಿರಬಹುದು ಎಂದು ಒಂದು ದಿನವೂ ತೋಚಿರಲಿಲ್ಲ.

ಅಪೊಲಿನ್ ಬಾಯಿ ಅಳತೊಡಗಿದ್ದರು. "ನಾನು ಕೇಳಿ ಇಡಿಸಿದ ಹೆಸರಲ್ಲ. ನೀವು ಇಟ್ಟದ್ದು. ಈಗ ಬದಲಾಯಿಸುವ ಅಂದರೆ ಜ್ಞಾನಸ್ನಾನದ ಹೆಸರು ಅಂತ ಪೀಟರ್ ಕೇಳುವುದಿಲ್ಲ, ನಿಮಗೆ ಬೇಜಾರಾಗ್ತದೆ ಅಂತಾನೆ. ನಾನು ಎಲ್ಲಿ ಹೋಗುವುದು?"

ವೆರೊನಿಕಾ ಎದ್ದು ಹೋಗಿ ಅಪೊಲಿನ್ ಬಾಯಿಯ ಕೈ ಹಿಡಿದರು.

"ಓದಿಸುವುದಿಲ್ಲ ಬಾಯಿ" ಎಂದರು. "ಹೋದವನಿಗೆ ಇನ್ನು ಎಂತ ಆಗ್ಲಿಕ್ಕುಂಟು? ಇರುವ ಮಗು ಚೆನ್ನಾಗಿರಲಿ. ಚಾ ಕುಡೀರಿ, ತಣ್ಣಗಾಯ್ತು."

ಗಂಡನ ಕಡೆ ಅವರು ತಿರುಗಲಿಲ್ಲ, ಒಪ್ಪಿಗೆಯೂ ಕೇಳಲಿಲ್ಲ. ಮಾಸ್ಟರು ಎದ್ದು ಒಳಗೆ ಹೋದರು. ಗೋಡೆಯ ಮೇಲೆ ಮಗನ ಫೋಟೋ ಇತ್ತು. ಕ್ಷಮಿಸು ಎನ್ನಬೇಕೆಂದುಕೊಂಡರು. ಹೆಸರು ಹಿಡಿದು ಕರೆಯಲು ಬಾಯಿ ಬರಲಿಲ್ಲ, ಮಗಾ ಎಂದಷ್ಟೇ ಹೇಳಿ ನಿಂತರು.

ಪೂಜೆಯ ದಿನ ಜೆನಿಟಾ, ಪೀಟರ್, ಮಗು ಎಲ್ಲರೂ ಬಂದರು. ಅಪೊಲಿನ್ ಬಾಯಿ ಜಪಮಾಲೆ ಹಿಡಿದು ಹಿಂದಿನ ಬೆಂಚಿನಲ್ಲಿ ಕೂತರು. ಮಾಸ್ಟರು, ವೆರೊನಿಕಾ ಯಾವಾಗಲೂ ಕೂರುವ ಎರಡನೇ ಸಾಲಿನಲ್ಲಿ. ಪಾದ್ರಿಗಳು ಬಲಿಪೀಠದ ಮುಂದೆ ನಿಂತು ಓದಿದರು. ಮೊದಲು ಯಾರೋ ಹೆಂಗಸಿನ ಹೆಸರು, ನಂತರ ಬೆಳ್ಮಣ್‌ನ ಯಾರೋ ಮುದುಕರ ಹೆಸರು. ಆಮೇಲೆ, "ಲೂಯಿಸ್ ಮತ್ತು ವೆರೊನಿಕಾ ಇವರ ಮಗನ ಆತ್ಮಕ್ಕೆ."

ಅಷ್ಟೇ. ಇಂಥವನ ಮಗ, ಹೆಸರು ತಿಳಿದಿಲ್ಲ. ಅಂಥ ಸಾಲುಗಳನ್ನು ಮಾಸ್ಟರು ಎಷ್ಟು ಓದಿರಲಿಲ್ಲ! ಹೆಂಡತಿಯ ಕೈ ಹಿಡಿಯಲು ನೋಡಿದರು. ವೆರೊನಿಕಾ ಎರಡೂ ಕೈಯನ್ನು ಮಡಿಲಿನಲ್ಲಿ ಮುಷ್ಟಿ ಮಾಡಿ ಇಟ್ಟುಕೊಂಡಿದ್ದರು.

ಬೈಬಲ್ ವಾಚನ ನಡೆಯುತ್ತಿತ್ತು. ಹಿಂದೆ ಮಗುವಿಗೆ ಕೂತು ಸಾಕಾಗಿರಬೇಕು. ಪೀಟರ್‌ನ ತೊಡೆಯಿಂದ ಜಾರಿ, ಟಪಟಪನೆ ಚಪ್ಪಲಿ ಸದ್ದು ಮಾಡುತ್ತ ನಡುದಾರಿಯಲ್ಲಿ ಓಡಿತು, ತೆರೆದ ಬಾಗಿಲಿನ ಕಡೆ, ಹೊರಗೆ ರಸ್ತೆಯ ಕಡೆ. ಒಂದು ಬಸ್ಸು ಹಾರ್ನ್ ಹೊಡೆಯಿತು. ಜೆನಿಟಾ ಎದ್ದು ನಿಂತಳು. ಬಾಬಾ ಅನ್ನಲಿಕ್ಕೆ, ಚಿನ್ನ ಅನ್ನಲಿಕ್ಕೆ ಅವಳಿಗೆ ಪುರುಸೊತ್ತಿರಲಿಲ್ಲ. "ಡೆನ್ವರ್, ಬಾ ಇಲ್ಲಿ" ಎಂದು ಕೂಗಿದಳು. ಹೆಸರು ಇಗರ್ಜಿಯಿಡೀ ಕೇಳಿತು.

ವೆರೊನಿಕಾ ತಟ್ಟನೆ ತಿರುಗಿದರು. ಬಾಗಿಲ ಕಡೆ, ಬೈಕು ನಿಲ್ಲಿಸಿ ತಡವಾಗಿ ಒಳಬರುತ್ತಿದ್ದ ಮಗನಿಗಾಗಿ ಪ್ರತಿ ಭಾನುವಾರ ನೋಡುತ್ತಿದ್ದ ಎತ್ತರಕ್ಕೆ ನೋಡಿದರು. ಅಲ್ಲಿ ಯಾರೂ ಇರಲಿಲ್ಲ. ಕೆಳಗೆ, ಅವರ ಸೊಂಟಕ್ಕೂ ಬಾರದ ಒಂದು ಮಗು ನಗುತ್ತ ತಾಯಿಯ ಹತ್ತಿರ ವಾಪಸು ಓಡುತ್ತಿತ್ತು.

ಅವರು ಮುಂದೆ ತಿರುಗಿ ಕೂತರು. ಮಾಸ್ಟರು ಅವರ ಮುಖ ನೋಡಲಿಲ್ಲ. ಪಾದ್ರಿಗಳು ಏಳಿರಿ ಎಂದಾಗ ಎಲ್ಲರೂ ಎದ್ದರು, ಅವರಿಬ್ಬರೂ ಎದ್ದರು.